ಹತ್ತನೆಯ ಹೆಸರು

ಬೆಳಗಿನ ಒಂಬತ್ತೂ ಮುಕ್ಕಾಲಾದರೆ ಸಾಕು, ಮಾರುತೇಶನ ಬಲಗೈಯ ಹೆಬ್ಬೆರಳೂ ತೋರುಬೆರಳೂ ತಾವಾಗಿಯೇ ಒಂದಕ್ಕೊಂದು ಒತ್ತಿಕೊಳ್ಳುತ್ತಿದ್ದವು. ನಡುವೆ ಪೆನ್ನಿಲ್ಲ. ಇಪ್ಪತ್ತೊಂದು ವರ್ಷ ಅದೇ ಹೊತ್ತಿಗೆ ಹಾಜರಿ ಪುಸ್ತಕದ ಮೇಲೆ ಬಾಗಿದ ಕೈ ಅದು. ವಜಾ ಆಗಿರುವ ಸಂಗತಿಯನ್ನು ಯಾರೂ ಅದಕ್ಕೆ ತಿಳಿಸಿರಲಿಲ್ಲವೋ ಏನೋ. ಇವತ್ತು ಮಾಡದಕೆರೆ ದಾಟಿ ಮೂಡಲಹಟ್ಟಿಯ ತಿರುವಿನಲ್ಲಿ ಇಳಿದು, ಆಷಾಢದ ಗಾಳಿಗೆ ಎದುರಾಗಿ ಮಣ್ಣುರಸ್ತೆಯಲ್ಲಿ ನಡೆಯುವಾಗಲೂ ಬೆರಳುಗಳು ಒತ್ತಿಕೊಂಡವು. ಇನ್ನೊಂದು ಕೈಯಿಂದ ಅವನ್ನು ಬಿಡಿಸಿ, ಕಂಕುಳಲ್ಲಿದ್ದ ಫೈಲನ್ನು ಆ ಕೈಗೆ ಕೊಟ್ಟ. ಏನಾದರೂ ಹಿಡಿದುಕೊಂಡಿದ್ದರೆ ಸುಮ್ಮನಿರುತ್ತಿತ್ತು. ಆದೇಶ ಕೈಸೇರಿ ಇವತ್ತಿಗೆ ಎಂಬತ್ತೆಂಟು ದಿನ. ಮೇಲ್ಮನವಿಗೆ ಮೂರು ತಿಂಗಳು. ಇನ್ನು ಎರಡು ದಿನ ಉಳಿದಿತ್ತು. ಬೆಳಿಗ್ಗೆ ಹೊರಡುವಾಗ ಯಶೋದಾ ಬಾಗಿಲಿಗೆ ಬಂದು, “ನೀವು ಅಲ್ಲಿ ಏನು ಹೇಳ್ತೀರೋ ಏನು ಬಿಡ್ತೀರೋ ನಂಗೊತ್ತಿಲ್ಲ. ಹೆಬ್ಬೆಟ್ಟು ಹಾಕಿಸ್ಕಂಡೇ ಬರ್ರಿ,” ಅಂದಿದ್ದಳು. ಹೆಂಡತಿಯ ಬಾಯಲ್ಲಿ ಅದು ಬೇಡಿಕೆಯಾಗಿರಲಿಲ್ಲ, ಸಾಮಾನಿನ ಪಟ್ಟಿಯಲ್ಲಿ ಮರೆಯಬಾರದ ಒಂದು ವಸ್ತುವಿನಂತಿತ್ತು. ಅವನಿಗೂ ಅದು ಹಾಗೆಯೇ ಇದ್ದಿದ್ದರೆ ಎಷ್ಟೋ ಚೆನ್ನಾಗಿತ್ತು.

ಹೆಬ್ಬೆಟ್ಟು ಬೇಕಾಗಿದ್ದುದು ಉಚ್ಚಂಗೆಮ್ಮನದು. ತನ್ನ ಮಗಳು ಕಾವ್ಯಶ್ರೀ ಬದುಕಿದ್ದಾಳೆಂದು. ಕಾವ್ಯಶ್ರೀ ಸತ್ತು ಇಪ್ಪತ್ತು ತಿಂಗಳಾಗಿತ್ತು.

ನಿನ್ನೆ ಹೊಸದುರ್ಗದಲ್ಲಿ, ಜೆರಾಕ್ಸ್ ಅಂಗಡಿಯ ಮೇಲಿನ ತನ್ನ ಆಫೀಸಿನಲ್ಲಿ, ವಕೀಲ ಮುರುಗಪ್ಪ ಮಂಡಕ್ಕಿ ತಿನ್ನುತ್ತಾ ವಿವರಿಸಿದ್ದ. “ನೋಡ್ರಿ ಮೇಷ್ಟ್ರೇ, ದಾರಿ ಎರಡವೆ. ಒಂದು, ತಪ್ಪಾಯ್ತು ಅಂತ ಒಪ್ಕಂಡು, ಇಷ್ಟಕ್ಕೇ ವಜಾ ಮಾಡಿದ್ದು ಭಾಳ ಆಯ್ತು, ಎರಡು ಇನ್‌ಕ್ರಿಮೆಂಟ್ ತೆಗೆದು ಬಿಟ್ಬಿಡ್ರಿ ಅಂತ ಕೈ ಮುಗಿಯಾದು. ಆದ್ರೆ ಅದ್ರಾಗೆ ನೀವು ಬರೀಬೇಕು, ಹುಡುಗಿ ಸತ್ತಿದ್ದು ಗೊತ್ತಿದ್ದೂ ಹಾಜರಿ ಹಾಕ್ದೆ ಅಂತ. ಬರೆದ ಮ್ಯಾಲೆ ಅವರು ಕರುಣೆ ತೋರಿಸ್ತಾರೋ, ಅದೇ ಕಾಗದ ತಿರುಗಿಸಿ ನಿಮ್ಮ ಮುಖಕ್ಕೆ ಒರೆಸ್ತಾರೋ, ಅದು ಅವರಿಗೆ ಬಿಟ್ಟದ್ದು. ಎರಡನೇದು, ಹುಡುಗಿ ಸತ್ತಳು ಅಂತ ಯಾರು ಹೇಳಿದ್ದು ಅಂತ ಕೇಳಾದು.”

“ಸತ್ತಿದ್ದಾಳಲ್ಲ ಸಾರ್.”

“ಎಲ್ಲೈತೆ, ತೋರಿಸ್ರಿ. ಮರಣ ಪ್ರಮಾಣಪತ್ರ ಐತಾ? ಆಸ್ಪತ್ರೆ ಚೀಟಿ ಐತಾ? ನಾಲೆ ದಂಡೆ ಮ್ಯಾಗೆ ಮಣ್ಣು ಮಾಡಿ, ಕುರಿ ಹೊಡ್ಕಂಡು ಮುಂದಿನ ಊರಿಗೆ ಹೋಗ್ಯಾರೆ. ಇಲಾಖೆ ಕೈಯಾಗಿರಾದು ಅವರವ್ವನ ಒಂದು ಹೇಳಿಕೆ. ಆ ಹೇಳಿಕೆ ನಾನು ಕೊಟ್ಟಿಲ್ಲ, ನನ್ನ ಮಗಳು ಮಾರ್ಚಿವರೆಗೆ ಇಸ್ಕೂಲಿಗೆ ಹೋದ್ಲು, ಸಾಹೇಬ್ರು ಎಣಿಸಾಕೆ ಬಂದ ದಿನ ಹೊರಕಡೆ ಹೋಗಿದ್ಲು, ಆಮ್ಯಾಕೆ ಅವರಪ್ಪನ ಜತೆ ಕುರಿ ಹಿಂದೆ ಹೋದ್ಲು, ಈಗ್ಲೂ ಅಲ್ಲೇ ಅವಳೆ, ಅಂತ ಆಯಮ್ಮ ಅಫಿಡವಿಟ್ ಕೊಟ್ರೆ ಕೇಸೆಲ್ಲೈತೆ? ಸಾಕ್ಷ್ಯವೇ ಇಲ್ದ ವಜಾ. ಮೇಲ್ಮನವಿಯಾಗೆ ತಳ್ಳಿದ್ರೂ ಬೆಂಗಳೂರಿನ ನ್ಯಾಯಮಂಡಳಿಯಾಗೆ ನಿಲ್ತದೆ. ಬಾಕಿ ಸಂಬಳದ ಸಮೇತ ನಿಮ್ಮನ್ನ ಅದೇ ಕುರ್ಚಿಗೆ ಕೂರಿಸ್ತಾರೆ.” ಮಂಡಕ್ಕಿಯ ಮೆಣಸಿನಕಾಯಿಯನ್ನು ಆರಿಸಿ ಬದಿಗಿಟ್ಟ. “ಇಲಾಖೆಗೆ ಮನುಷ್ಯರು ಕಾಣಾದಿಲ್ಲ ಮೇಷ್ಟ್ರೇ, ಕಾಗದ ಕಾಣ್ತದೆ. ಕಾಗದದ ಲೆಕ್ಕದಾಗೆ ಆ ಹುಡುಗಿ ಗಟ್ಟಿಮುಟ್ಟಾಗವಳೆ. ಸತ್ತಿರೋರು ನೀವು.”

ಮಾರುತೇಶ ನಕ್ಕಿದ್ದ. ನಗಬೇಕಾದ ಜಾಗ ಅದು ಎಂದು ಗೊತ್ತಾಗಿತ್ತು.

ಮೂಡಲಹಟ್ಟಿಯ ಹಿಂದಿನ ಗುಡ್ಡದ ಸಾಲಿನ ಮೇಲೆ ಗಾಳಿಯಂತ್ರಗಳಿದ್ದವು. ಹಟ್ಟಿಯವರು ಅವಕ್ಕೆ ಫ್ಯಾನು ಅನ್ನುತ್ತಿದ್ದರು. ಬೆಳಗಿನ ಬಿಸಿಲಿಗೆ ಒಂದೊಂದು ರೆಕ್ಕೆಯ ನೆರಳೂ ಗುಡ್ಡದಿಂದ ಇಳಿದು, ಜಾಲಿಗಳ ಮೇಲೆ ಹಾದು, ರಸ್ತೆ ದಾಟಿ ಹೋಗುತ್ತಿತ್ತು. ಕಾಲ ಮೇಲೆ ನೆರಳು ಬಿದ್ದಾಗಲೆಲ್ಲ ಹೆಜ್ಜೆ ತಪ್ಪುತ್ತಿತ್ತು. ಶಾಲೆಯ ಗೋಡೆಯ ಮೇಲೂ ಅವು ಹೀಗೆಯೇ ಹಾಯುತ್ತಿದ್ದವು: ಒಂದು, ಬಿಡುವು, ಇನ್ನೊಂದು, ಬಿಡುವು. ಹೆಸರು ಕೂಗುವಾಗ ತನಗೆ ತಿಳಿಯದೆಯೇ ಅದರ ತಾಳಕ್ಕೆ ಕೂಗುತ್ತಿದ್ದ. ಹತ್ತು ಹೆಸರು, ಹತ್ತು ನೆರಳು. ಹೊಸದಾಗಿ ಬಂದ ವರ್ಷ ಅವನಿಗೆ ಸೋಜಿಗವಾದದ್ದು ಹಾಜರಿಯಲ್ಲಿ ಯಾರೂ ಗೈರಾಗುತ್ತಿರಲಿಲ್ಲ ಎನ್ನುವುದು. ಕಣ್ಣೆದುರು ಏಳು ಮಕ್ಕಳು ಕೂತಿದ್ದರೂ ಹತ್ತು ಸಲ “ಹಾಜರ್ ಸಾ” ಕೇಳಿಸುತ್ತಿತ್ತು. ಗದರಿಸಿದರೆ ಒಬ್ಬ ಹುಡುಗ ಎದ್ದುನಿಂತು, “ಅವನು ಕುರಿ ಹಿಂದೆ ಹೋಗವನೆ ಸಾ, ಅವನ ಬದ್ಲಿ ನಾನು ಅಂದೆ. ಕರೆದ ಹೆಸ್ರು ಬರಿದೇ ಹೋಗಬಾರ್ದು,” ಅಂದ. ಅರ್ಧ ಹಟ್ಟಿ ಯಾವಾಗಲೂ ಮಂದೆಯ ಹಿಂದೆ ಭದ್ರಾ ನೀರಿನ ಗದ್ದೆಗಳ ಕಡೆ ಇರುತ್ತಿತ್ತು. ದೂರ ಹೋದವರ ಹೆಸರನ್ನು ಮನೆಯಲ್ಲಿ ಯಾರಾದರೂ ಎತ್ತಿದರೆ, ಇದ್ದವರಲ್ಲೊಬ್ಬರು ಓ ಅನ್ನಬೇಕು. ಇಲ್ಲದಿದ್ದರೆ ಅಲ್ಲಿ ಅವರ ಕಾಲು ದಾರಿ ಮರೆಯುತ್ತದೆ. ಎಷ್ಟು ಚೆಂದದ ನಂಬಿಕೆ ಎಂದು ಅವನು ಯಶೋದಾಗೆ ಹೇಳಿದ್ದ, ತರಬೇತಿಯಲ್ಲಿ ಬೇರೆ ಮೇಷ್ಟ್ರುಗಳಿಗೆ ಹೇಳಿದ್ದ. ಆಮೇಲೆ ಕೇಳಿದ ದನಿಗೆಲ್ಲ ಟಿಕ್ಕು ಹಾಕುತ್ತಾ ಹೋದ. ತಲೆ ಎತ್ತಿ ನೋಡುವುದನ್ನೇ ಬಿಟ್ಟ.

ಆ ಕಾರ್ತಿಕದಲ್ಲಿ ಸುದ್ದಿ ಬಂತು. ನಾಲ್ಕನೆಯ ತರಗತಿಯ ಕಾವ್ಯಶ್ರೀ, ದಸರಾ ರಜೆಗೆಂದು ಅಪ್ಪ ಪಾಪಣ್ಣನ ಜೊತೆ ಕುರಿ ಹಿಂದೆ ಹೋದವಳು, ಜ್ವರ ಬಂದು ಮೂರೇ ದಿನಕ್ಕೆ ಹೋಗಿಬಿಟ್ಟಳು. ನಾಲೆಯ ದಂಡೆಯ ಮೇಲೆ, ಕೆಳಗೆ ಅಷ್ಟು ನೀರು ಹರಿಯುತ್ತಿದ್ದರೂ, ನೀರು ನೀರು ಎನ್ನುತ್ತಲೇ ಹೋದಳಂತೆ. ಮಾರುತೇಶ ಮನೆಗೆ ಹೋಗಿ, ಹೊರಗೆ ಕಲ್ಲಿನ ಮೇಲೆ ಕೂತು ಬಂದಿದ್ದ. ಅವಳು ಸತ್ತ ಹನ್ನೆರಡನೆಯ ದಿನ, ಒಂದು ಸೋಮವಾರ, ಒಂಬತ್ತು ಹೆಸರು ಮುಗಿದವು. ಅಭ್ಯಾಸದಲ್ಲಿ ಹತ್ತನೆಯದು ಬಾಯಿಂದ ಬಂದುಬಿಟ್ಟಿತು. ನುಂಗಿಕೊಳ್ಳುವ ಮೊದಲೇ ತಂಗಿ ಅಂಜಲಿ, ಎರಡನೇ ತರಗತಿಯ ಚೋಟು ಹುಡುಗಿ, “ಹಾಜರ್ ಸಾ” ಅಂದಳು. ಅವನ ಪೆನ್ನು ಒಂದು ಗಳಿಗೆ ನಿಂತಿತು. ಆ ಗಳಿಗೆಯಲ್ಲಿ ಏನೇನಿತ್ತು? ಆ ಮಗುವಿನ ಮುಖ ಇತ್ತು, ನಿಜ. ಆದರೆ ಹತ್ತಕ್ಕಿಂತ ಕಡಿಮೆಯಾದರೆ ಶಾಲೆಯನ್ನು ಮಾಡದಕೆರೆಗೆ ಸೇರಿಸುತ್ತಾರೆ, ತನ್ನನ್ನು ಹೆಚ್ಚುವರಿ ಎಂದು ಎಲ್ಲಿಗೋ ಎತ್ತಿ ಹಾಕುತ್ತಾರೆ ಎಂಬುದೂ ಇತ್ತು. ಯಾವುದು ಮೊದಲು ಬಂತು? ಎಷ್ಟೋ ಹಗಲು ಮಲಗಿ, ಸೂರು ನೋಡುತ್ತಾ, ಆ ಗಳಿಗೆಯನ್ನು ಬಿಚ್ಚಿ ಬಿಚ್ಚಿ ನೋಡಿದ್ದ. ಮುಖ ಮೊದಲೋ, ಲೆಕ್ಕ ಮೊದಲೋ. ಪ್ರತಿ ಸಲವೂ ಬೇರೆ ಉತ್ತರ ಬರುತ್ತಿತ್ತು. ಟಿಕ್ಕು ಮಾತ್ರ ಬಿದ್ದಿತ್ತು. ಮರುದಿನವೂ ಬಿತ್ತು. ಮಾರ್ಚಿನಲ್ಲಿ ಯಾರದೋ ಅರ್ಜಿಯ ಮೇಲೆ ಸಾಹೇಬರು ತಲೆ ಎಣಿಸಲು ಬರುವವರೆಗೆ ಎಂಬತ್ತಮೂರು ಶಾಲಾದಿನ ಬಿತ್ತು. ಅವಳ ಪಾಲಿನ ಮೊಟ್ಟೆಯನ್ನು ಅಡುಗೆಯಾಕೆ ಕಿಟಕಿಯ ಕಟ್ಟೆಯ ಮೇಲಿಡುತ್ತಿದ್ದಳು, ಸಂಜೆಯ ಹೊತ್ತಿಗೆ ಅದು ಇರುತ್ತಿರಲಿಲ್ಲ. ಕಾಗೆ ಇರಬೇಕು. ಕೇಳಲಿಲ್ಲ.

ಚಿತ್ರದುರ್ಗದ ವಿಚಾರಣೆಯ ದಿನ ಜೋಗಿಮಟ್ಟಿ ಬೆಟ್ಟದ ಮೇಲೆ ಮೋಡ ಕೂತಿತ್ತು. ಕಿಟಕಿಯಿಂದ ಅದನ್ನೇ ನೋಡುತ್ತಿದ್ದವನ ಮುಂದೆ ವಿಚಾರಣಾಧಿಕಾರಿ ಒಂದು ಉಕ್ತಲೇಖನದ ನೋಟ್‌ಬುಕ್ ತಳ್ಳಿದರು. “ಇದು ಯಾರ ಬರಹ?”

“ಕಾವ್ಯಶ್ರೀದು ಸಾರ್.”

“ತಾರೀಖು ನೋಡ್ರೀ. ಅವಳು ಸತ್ತು ಎರಡು ತಿಂಗಳಾದ ಮೇಲಿನದು. ಕೆಳಗೆ ಕೆಂಪು ಇಂಕಲ್ಲಿ ‘ಉತ್ತಮ’ ಅಂತ ಬೇರೆ ಬರೆದಿದ್ದೀರಿ. ಏನು ಉತ್ತಮ?”

ಬಾಗಿಲ ಹತ್ತಿರದ ಜವಾನ ಕೆಮ್ಮಿದಂತೆ ಮಾಡಿ ನಕ್ಕ. ಮಾರುತೇಶ ಪುಟವನ್ನು ತನ್ನ ಕಡೆ ತಿರುಗಿಸಿಕೊಂಡ. ತಂಗಿ ಬರೆದಿರಬೇಕು, ಅಕ್ಕನ ಪುಸ್ತಕವನ್ನೂ ಅವಳೇ ತರುತ್ತಿದ್ದಳು, ಎಂದು ಹೇಳಬಹುದಿತ್ತು. ಆದರೆ ಎರಡನೇ ತರಗತಿಯ ಹುಡುಗಿಗೆ ಒತ್ತಕ್ಷರ ಬರುತ್ತಿರಲಿಲ್ಲ. ಇಲ್ಲಿ ‘ಕಲ್ಪವೃಕ್ಷ’ ಸರಿಯಾಗಿತ್ತು. ಅದಕ್ಕಿಂತ ಹೆಚ್ಚಾಗಿ ಅವನ ನಾಲಗೆ ಕಟ್ಟಿದ್ದು ಬೇರೆಯದೇ. ಅವನು ಯಾವತ್ತೂ ಹತ್ತೇ ಪದ ಹೇಳಿಸಿ ಬರೆಸುತ್ತಿದ್ದ, ಹತ್ತಕ್ಕೆ ಅಂಕ. ಆ ಪುಟದಲ್ಲಿ ಹನ್ನೊಂದಿದ್ದವು. ಕೊನೆಯದು, ತಾನು ಹೇಳದೇ ಇದ್ದದ್ದು: ನೀರು. ಅದರ ಮುಂದೆಯೂ ಅವನದೇ ಕೆಂಪು ಸರಿಗುರುತು ಇತ್ತು. ಅಧಿಕಾರಿ ಅದನ್ನು ಎಣಿಸಿರಲಿಲ್ಲ. ಅವರಿಗೆ ತಾರೀಖು ಸಾಕಾಗಿತ್ತು.

ಶಾಲೆಯ ಮುಂದೆಯೇ ಹಾದು ಹೋಗಬೇಕಿತ್ತು. ಅತಿಥಿ ಶಿಕ್ಷಕಿ ಮೇಘಶ್ರೀ ಅಂಗಳದಲ್ಲಿ ಮಕ್ಕಳನ್ನು ಸಾಲಾಗಿ ನಿಲ್ಲಿಸಿ, ಮೊಬೈಲನ್ನು ಅವರ ಮುಖಗಳ ಮುಂದೆ ಹಿಡಿದಿದ್ದಳು. ಅವನನ್ನು ಕಂಡು ಗಲಿಬಿಲಿಗೊಂಡು, ಗೇಟಿನವರೆಗೆ ಬಂದಳು. ಗೇಟನ್ನು ಮಾತ್ರ ತೆರೆಯಲಿಲ್ಲ. “ಚೆನ್ನಾಗಿದೀರಾ ಸಾರ್? ಬ್ಯಾಸರ ಮಾಡ್ಕಬ್ಯಾಡ್ರಿ, ನಿಮ್ಮನ್ನ ಒಳಕ್ಕೆ ಬಿಡಬಾರ್ದು ಅಂತ ಹೇಳವ್ರೆ.”

“ಇಲ್ಲಮ್ಮ, ನಾನು ಹಟ್ಟಿಗೆ ಬಂದದ್ದು,” ಅಂದ. ತಾನೇ ಸುಣ್ಣ ಹೊಡೆಸಿದ ಗೋಡೆ. ತಾನೇ ನೆಟ್ಟ ಹೊಂಗೆ. ಗೇಟಿನ ಕಂಬಿ ಹಿಡಿದ ತನ್ನ ಕೈ ಭಿಕ್ಷೆಗೆ ಬಂದವನ ಕೈಯಂತೆ ಕಂಡಿತು, ತೆಗೆದುಕೊಂಡ. ಏನಾದರೂ ಕೇಳಬೇಕೆಂದು, “ಏನದು, ಮೊಬೈಲು?” ಅಂದ.

“ಹಾಜರಿ ಸಾರ್. ಈಗ ಕೂಗಂಗಿಲ್ಲ. ಮುಖ ತೋರಿಸಿದ್ರೆ ಅದೇ ಎಣಿಸ್ಕಂತದೆ.” ಅವಳು ನಕ್ಕಳು. “ಹಾಳಾದ್ದು, ಒಂದೊಂದು ದಿನ ಹತ್ತು ಅಂತ ತೋರಿಸ್ತದೆ ಸಾರ್. ಇರಾದು ಒಂಬತ್ತು. ಗೋಡೆ ಮ್ಯಾಲಿನ ನಾಯಕರ ಫೋಟೋನೂ ಹಿಡೀತದೋ ಏನೋ. ಅದ್ಕೇ ಅಂಗಳಕ್ಕೆ ತಂದು ನಿಲ್ಲಿಸ್ತೀನಿ.”

“ಅಂಗಳದಾಗೆ ಸರಿ ಬರ್ತದಾ?”

ಮೇಘಶ್ರೀ ಮೊಬೈಲಿನ ಕಡೆ ನೋಡಿದಳು, ಮಕ್ಕಳ ಕಡೆ ನೋಡಿದಳು. “ಇನ್ನೊಂದ್ಸಲ ಹಿಡೀಬೇಕು,” ಅಂದು ಹಿಂತಿರುಗಿದಳು. ಸಾಲಿನಲ್ಲಿ ಅಂಜಲಿ ಕಂಡಳು. ಎತ್ತರವಾಗಿದ್ದಳು, ಆದರೆ ಬಟ್ಟೆ ಒಣಹಾಕುವ ಕೋಲಿನಂತೆ. ಅವಳು ಅವನನ್ನು ನೋಡಿದಳು. ನೋಡಿ, ಎರಡೂ ಕೈಗಳಿಂದ ತನ್ನ ಬಾಯನ್ನು ಮುಚ್ಚಿಕೊಂಡಳು.

ಉಚ್ಚಂಗೆಮ್ಮ ಮನೆಯ ಮುಂದೆ ತಾಯಿ ಸೇರಿಸದ ಒಂದು ಕುರಿಮರಿಗೆ ಬಾಟಲಿಯಲ್ಲಿ ಹಾಲು ಕುಡಿಸುತ್ತಿದ್ದಳು. ತಲೆ ಎತ್ತಲಿಲ್ಲ. “ಬರ್ರಿ ಮೇಷ್ಟ್ರೇ, ಕುಂತ್ಕಳ್ರಿ. ಇಷ್ಟು ದಿನ ಯಾಕೆ ಬರಲಿಲ್ಲ ಅಂತಿದ್ದೆ.” ಅದೇ ಕಲ್ಲು. ಅವನು ಕೂತು, ಫೈಲು ಬಿಚ್ಚಿ, ಬಸ್ಸಿನ ದಾರಿಯುದ್ದಕ್ಕೂ ಜೋಡಿಸಿಟ್ಟುಕೊಂಡಿದ್ದ ಮಾತುಗಳನ್ನು ಶುರುಮಾಡಿದ. ಕಚೇರಿ, ಗಡುವು, ಒಂದು ಚಿಕ್ಕ ಕಾಗದ, ನಿಮಗೇನೂ ತೊಂದರೆಯಿಲ್ಲ, ಬರೀ ನಿಯಮಕ್ಕೆ. ಪಾಠದ ದನಿಯಲ್ಲಿ ಹೇಳುತ್ತಿದ್ದೇನೆ ಎನ್ನಿಸಿತು. ಮರಿ ಚಪ್ಪರಿಸುವ ಸದ್ದು, ಮೇಲೆ ಫ್ಯಾನಿನ ರೆಕ್ಕೆ ಗಾಳಿ ಸೀಳುವ ಸದ್ದು. ಅವನು ಕಾಗದದಲ್ಲಿ ಏನಿದೆಯೆಂದು ಹೇಳದೆ ಸುತ್ತು ಹಾಕುತ್ತಿರುವಾಗ ಅವಳೇ ಕೇಳಿದಳು.

“ಕಾವಿ ಅವಳೆ ಅಂತ ಬರಸೀರಾ?”

“ಹೂಂ.”

“ಅಂಗೆ ಬರೆದ್ರೆ ನಿಮ್ಮ ಕೆಲಸ ಬರ್ತದಾ?”

“ಬರ್ತದೆ ಅಂತಾರೆ ವಕೀಲರು.”

ಅವಳು ಬಾಟಲಿ ಕಿತ್ತುಕೊಂಡಳು. ಮರಿ ಗಾಳಿಯನ್ನೇ ಚೀಪಿತು. “ಅರ್ಜಿ ಕೊಟ್ಟೋಳು ನಾನೇ ಮೇಷ್ಟ್ರೇ.”

ಅವನಿಗೆ ಅರ್ಥವಾಗಲಿಲ್ಲ. ದೂರು ಹಾಕಿದವರು ಮಾಡದಕೆರೆಯ ಯಾರೋ ಪುಢಾರಿ, ಶಾಲೆ ಮುಚ್ಚಿಸಿ ಕಟ್ಟಡ ಹೊಡೆದುಕೊಳ್ಳಲು ನೋಡಿದವನು ಎಂದು ಒಂದೂವರೆ ವರ್ಷ ನಂಬಿದ್ದ. ಆ ಮನುಷ್ಯನನ್ನು ಸಂತೆಯಲ್ಲಿ ಕಂಡಾಗಲೆಲ್ಲ ಉಗುಳುವ ಹಾಗೆ ಮುಖ ತಿರುಗಿಸಿದ್ದ.

“ನಿಮ್ಮ ಕೆಲಸ ತೆಗೀರಿ ಅಂತ ನಾನು ಬರೆಸ್ಲಿಲ್ಲ. ನನ್ನಾಣೆ. ಮೇಷ್ಟ್ರು ನನ್ನ ಮಗಳ ಹೆಸ್ರು ಕೂಗಾದು ನಿಲ್ಲಿಸ್ಲಿ ಅಂತ, ಅಷ್ಟೇ ಬರೆಸಿದ್ದು. ಬರೆಯೋನು ಏನು ಬರ್ದನೋ, ಓದಿದೋರು ಏನು ಓದಿದ್ರೋ.”

“ನನಗೇ ಹೇಳಬಹುದಿತ್ತಲ್ಲ ಅವ್ವಾ.”

“ಹೆಂಗೆ ಹೇಳ್ಲಿ? ಹೇಳಬೇಕಂದ್ರೆ ಹೆಸ್ರು ಎತ್ತಬೇಕಲ್ಲ.” ಅವಳು ಮರಿಯನ್ನು ಕಾಲುಗಳ ನಡುವೆ ಹಿಡಿದುಕೊಂಡಳು. “ದೂರ ಹೋದೋರ ಹೆಸ್ರಿಗೆ ಓ ಅನ್ನಬೇಕು, ಅದು ನಿಮಗೆ ಗೊತ್ತು. ಎಲ್ರಿಗೂ ಹೇಳ್ಕಂಡು ತಿರುಗ್ತಿದ್ರಂತೆ. ಸತ್ತೋರಿಗೆ ಏನು ಮಾಡ್ತೀವಿ ಅಂತ ಕೇಳ್ಲಿಲ್ಲ ನೀವು. ಹನ್ನೊಂದನೇ ದಿನ ಹಟ್ಟಿಯೋರೆಲ್ಲ ಮುಳ್ಳುಬೇಲಿ ಆಚೆ ಹೋಗಿ ನಿಂತು ಒಂದೇ ಒಂದು ಸಲ ಹೆಸ್ರು ಕೂಗ್ತೀವಿ. ಯಾರೂ ಓ ಅನ್ನಂಗಿಲ್ಲ. ಕೈಕೂಸಿನ ಬಾಯಿಗೂ ಸೆರಗು ಒತ್ತಿರ್ತೀವಿ. ಕೇಳಿ ಕೇಳಿ, ಯಾರೂ ಅನ್ನಲಿಲ್ಲ ಅಂತ ಗೊತ್ತಾದ ಮ್ಯಾಕೆ ಆ ಜೀವ ಹೋಗ್ತದೆ. ಹೆಸ್ರು ಇಳಿಸಾದು ಅಂತೀವಿ. ಇಳಿಸಿದ್ವಿ. ಭಾನುವಾರ ಅದು. ಸೋಮವಾರ ನೀವು ಎತ್ತಿದ್ರಿ. ನನ್ನ ಸಣ್ಣದು, ತಿಳೀದ್ದು, ಓ ಅಂದುಬಿಡ್ತು.”

ಹನ್ನೆರಡನೆಯ ದಿನ. ಅವನು ಬೆರಳು ಮಡಚಿ ಎಣಿಸಬೇಕಾಗಿರಲಿಲ್ಲ.

“ಆಮ್ಯಾಗೆ ದಿನಾ ಕೂಗಿದ್ರಿ. ದಿನಾ ಬಂದ್ಲು. ಸಣ್ಣದಕ್ಕೆ ಓ ಅನ್ನದೆ ಇರಾಕೆ ಆಗ್ತಿರಲಿಲ್ಲ. ಬ್ಯಾಡ ಕಣೇ ಅಂದ್ರೆ, ನಾನು ಅನ್ನಾದಿಲ್ಲವ್ವಾ, ಅಕ್ಕನೇ ಅಂತಾಳೆ, ಅಂತಿತ್ತು. ಮೈ ಬತ್ತಿಹೋಯ್ತು. ನೀವು ಹೋದ ಮ್ಯಾಗೆ ಎರಡು ತುತ್ತು ಉಣ್ತೈತೆ. ಅವರಪ್ಪ ಅವತ್ತಿಂದ ಹಟ್ಟಿ ಕಡೆ ಮುಖ ಹಾಕಿಲ್ಲ. ಮಂದೆ ಹೊಡ್ಕಂಡು ತಿರುಗ್ತನೇ ಅವನೆ.” ಇದನ್ನೆಲ್ಲ ಅವಳು ದೂರಿನಂತೆ ಹೇಳಲಿಲ್ಲ. ಯಾವ ಕುರಿಗೆ ಯಾವ ರೋಗ ಬಂತು, ಯಾವುದು ಉಳಿಯಿತು ಎಂದು ಹೇಳುವಂತೆ ಹೇಳಿದಳು.

ಎದ್ದು ಹೋಗಬೇಕಾದ ಹೊತ್ತು ಅದೇ ಎಂದು ಮಾರುತೇಶನಿಗೆ ಸ್ಪಷ್ಟವಾಗಿ ತಿಳಿದಿತ್ತು. ಕಾಗದ ಮಡಚಿ, ಕೈ ಮುಗಿದು, ಮುರುಗಪ್ಪ ಹೇಳಿದ ಮೊದಲನೆಯ ದಾರಿಗೆ ಹೋಗಬೇಕಾದ ಹೊತ್ತು. ‘ಗೊತ್ತಿದ್ದೂ’ ಎಂಬ ಒಂದು ಪದ ಬರೆದರಾಯಿತು. ಆ ಪದವನ್ನು ಮನಸ್ಸಿನಲ್ಲೇ ಬರೆದು ನೋಡಿದ. ಅದರ ಕೆಳಗೆ ತನ್ನ ಸಹಿ ನೋಡಿದ. ಅದನ್ನು ಓದುವ ಜವಾನ, ಗುಮಾಸ್ತ, ಯಶೋದಾಳ ಅಣ್ಣ, ನೆರೆಮನೆಯ ನಿವೃತ್ತ ಹೆಡ್‌ಮೇಷ್ಟ್ರು, ಎಲ್ಲರ ತುಟಿಗಳನ್ನೂ ನೋಡಿದ. ಇಷ್ಟಕ್ಕೂ ಇದೆಲ್ಲ ಏನು? ರಕ್ತ ಕಡಿಮೆಯಾದ ಹುಡುಗಿ. ಮಗಳು ಸತ್ತ ಸಂಕಟದಲ್ಲಿ ತಾಯಿ ಕಟ್ಟಿಕೊಂಡದ್ದು. ತಾನು ವಿಜ್ಞಾನ ಓದಿಸಿದವನು. ಹೀಗೆಂದು ತನಗೆ ತಾನು ಹೇಳಿಕೊಳ್ಳುತ್ತಿರುವಾಗ ಅವನ ಕೈ ಫೈಲಿನಿಂದ ಮಸಿಪ್ಯಾಡನ್ನು ತೆಗೆದು, ಮುಚ್ಚಳ ಬಿಚ್ಚಿ, ಕಲ್ಲಿನ ಮೇಲೆ ಇಟ್ಟಾಗಿತ್ತು.

ಉಚ್ಚಂಗೆಮ್ಮ ಅದನ್ನು ನೋಡಿದಳು. ಬಹಳ ಹೊತ್ತು ಏನಲ್ಲ. “ಒತ್ತತೀನಿ ಬಿಡ್ರಿ. ನನ್ನಿಂದ ನಿಮ್ಮ ಒಲೆ ಆರಬಾರ್ದು. ಆದ್ರೆ ಅವಳೆ ಅಂತ ಕಾಗದ ಮಾಡಿದ್ರೆ ಮತ್ತೆ ಬರ್ತಾಳೆ. ಇಲ್ಲಿಗೆ ಬಂದ್ರೆ ನನ್ನ ಸಣ್ಣದು ಉಳಿಯಾದಿಲ್ಲ. ನೀವೇ ಕರಕಂಡು ಹೋಗ್ರಿ.”

“ಏನಂದ್ರಿ?”

“ನೀವು ಕರೆದ್ರೇ ಬರಾದು ಅವಳು. ಬೇಲಿ ಆಚೆ ನಿಂತು ಕರೀರಿ. ಕರೆದು, ತಿರುಗಿ ನೋಡದಂಗೆ ಹೋಗ್ರಿ. ನಿಮ್ಮ ಹಿಂದೆ ಬರ್ತಾಳೆ.” ಅವಳು ಹೆಬ್ಬೆರಳನ್ನು ಮಸಿಗೆ ಒತ್ತಿ, ಅವನು ತೋರಿಸಿದ ಜಾಗದಲ್ಲಿ, ಒಮ್ಮೆಯೂ ಅಲ್ಲಾಡಿಸದೆ, ಚೆನ್ನಾಗಿ ಒತ್ತಿದಳು. ಆಮೇಲೆ ಬೆರಳನ್ನು ಕುರಿಮರಿಯ ಬೆನ್ನಿಗೆ ಒರೆಸಿದಳು. ಬಿಳಿಯ ತುಪ್ಪಟದ ಮೇಲೆ ನೀಲಿ ಕಲೆ ಉಳಿಯಿತು. “ಸೂಕ್ಷ್ಮದೋಳು ಮೇಷ್ಟ್ರೇ. ಬೈಬ್ಯಾಡ್ರಿ,” ಅಂದಳು.

ಬೇಲಿಯ ಆಚೆ ನಿಂತಾಗ ಅವನಿಗೆ ನಾಚಿಕೆಯಾಯಿತು. ಸುತ್ತ ನೋಡಿದ. ಜಾಲಿ, ಕಲ್ಲು, ದೂರದಲ್ಲಿ ಒಬ್ಬ ಮುದುಕ ಬೆನ್ನು ಹಾಕಿ ಕೂತಿದ್ದ. ಕರೆದಂತೆ ತುಟಿ ಆಡಿಸಿ ಹೋದರೂ ಆಕೆಗೆ ತಿಳಿಯುವುದಿಲ್ಲ. ಆದರೆ ಬಾಗಿಲಲ್ಲಿ ಅವಳು ಮರಿಯನ್ನೆತ್ತಿಕೊಂಡು ನಿಂತು ಕಾಯುತ್ತಿದ್ದಳು, ಮತ್ತು ತನ್ನ ಕಂಕುಳ ಫೈಲಿನಲ್ಲಿ ಅವಳ ಹೆಬ್ಬೆಟ್ಟಿತ್ತು. ಅಷ್ಟಾದರೂ ಮಾಡಬೇಕಲ್ಲ ಎನ್ನಿಸಿತು. ಮೆಲ್ಲಗೆ ಕರೆಯೋಣವೆಂದು ಬಾಯಿ ತೆರೆದರೆ ಹೊರಟದ್ದು ಹಾಜರಿಯ ದನಿಯೇ. ಇಪ್ಪತ್ತೊಂದು ವರ್ಷ ಪಳಗಿದ, ಕೊನೆಯ ಸಾಲಿಗೂ ಮುಟ್ಟುವ ದನಿ. “ಕಾವ್ಯಶ್ರೀ ಪಿ.” ಇನಿಶಿಯಲ್ ಸಮೇತ. ರೆಕ್ಕೆಯ ನೆರಳು ಅವನ ಮೇಲೆ ಹಾದುಹೋಯಿತು. ಬಿಡುವು. ಯಾರೂ ಏನೂ ಅನ್ನಲಿಲ್ಲ. ಹಿಂದೆ ಬಾಗಿಲು ಮುಚ್ಚಿದ ಸದ್ದಾಯಿತು, ಅಗುಳಿ ಬಿದ್ದ ಸದ್ದಾಯಿತು. ಅವನು ನಡೆದ. ಒಂದೂವರೆ ಮೈಲಿ, ತಿರುಗಿ ನೋಡಲಿಲ್ಲ. ನೋಡಬಾರದೆಂದಲ್ಲ, ನೋಡುವಂಥದ್ದು ಏನಿದೆ ಎಂದು. ಒಂದು ಕಡೆ ಚಪ್ಪಲಿಯೊಳಗೆ ಕಲ್ಲು ಸೇರಿ ನಿಂತ. ನಿಂತಾಗ ಹಿಂದೆಯೂ ಏನೋ ನಿಂತಿತು ಎಂದು ಬೆನ್ನಿಗೆ ಅನ್ನಿಸಿತು. ಗಾಳಿ ಒಂದು ಕ್ಷಣ ಬಿದ್ದಿದ್ದಿರಬೇಕು. ಕಲ್ಲನ್ನು ತೆಗೆಯದೆಯೇ ಮುಂದೆ ಹೊರಟ.

ತಿರುವಿನಲ್ಲಿ ನೆಟ್‌ವರ್ಕ್ ಸಿಕ್ಕಿತು. ಮುರುಗಪ್ಪ ಮೊದಲ ರಿಂಗಿಗೇ ಎತ್ತಿಕೊಂಡ. “ಸಿಕ್ತಾ?”

“ಸಿಕ್ತು ಸಾರ್.”

“ಭೇಷ್! ಹಂಗಾರೆ ಗೆದ್ದಂಗೇ ಬಿಡ್ರಿ. ನೋಟರಿ ನಮ್ಮೋನೇ ಅವನೆ, ಆಯಮ್ಮನ್ನ ಕರಕಂಡು ಬರಾದೇನೂ ಬ್ಯಾಡ. ನಾಳೆ ಹತ್ತಕ್ಕೆ ಹೋಗಿ ಹಾಕಾಣ. ಮನೆಯೋರಿಗೆ ಹೇಳ್ರಿ, ಶ್ಯಾವಿಗೆ ಪಾಯಸ ಮಾಡ್ಲಿ.” ಅವನ ನಗು ಫೋನಿನಲ್ಲಿ ಗರಗರ ಅಂತು. ಮಾರುತೇಶನಿಗೂ ಎದೆಯಲ್ಲೇನೋ ಸಡಿಲವಾಯಿತು. ಕುರ್ಚಿ, ಮೇಜು, ಕೆಂಪು ಇಂಕು. ಗೇಟನ್ನು ತಾನೇ ತೆರೆದುಕೊಂಡು ಒಳಗೆ ಹೋಗುವುದು. ಬೆರಳುಗಳು ಸಂತೋಷಕ್ಕೆಂಬಂತೆ ಒಂದನ್ನೊಂದು ಒತ್ತಿಕೊಂಡವು, ಅವನು ಬಿಡಿಸಲು ಹೋಗಲಿಲ್ಲ.

ಸಂಜೆಯವರೆಗೆ ಬೇರೆ ಬಸ್ಸಿರಲಿಲ್ಲ, ತಿರುವಿನಲ್ಲೇ ಕಾದ. ಐದು ಗಂಟೆಯ ಸರ್ಕಾರಿ ಬಸ್ಸು ಹೆಚ್ಚುಕಡಿಮೆ ಖಾಲಿಯಾಗಿತ್ತು. ಇಬ್ಬರು ಕೂರುವ ಸೀಟಿನಲ್ಲಿ ಕೂತ. ಕಿಟಕಿಯ ಪಕ್ಕವನ್ನು ಬಿಟ್ಟು ಈಚೆ ಬದಿಗೆ ಕೂತದ್ದು ಯಾಕೆಂದು ಕೂತ ಮೇಲೆ ಯೋಚಿಸಿದ. ಬಿಸಿಲು ಆ ಕಡೆಯಿಂದ ಬರುತ್ತದೆ, ಅದಕ್ಕೆ. ಕಂಡಕ್ಟರು ಕಿವಿಯ ಮೇಲೆ ಪೆನ್ನು ಸಿಕ್ಕಿಸಿಕೊಂಡ, ಹೊಟ್ಟೆ ಬಂದ, ಸಂಜೆಯ ದಣಿವಿನ ಮನುಷ್ಯ. “ಹೊಸದುರ್ಗ,” ಅಂದು ಮಾರುತೇಶ ದುಡ್ಡು ಕೊಟ್ಟ. ಮಷಿನಿನಿಂದ ಒಂದು ಟಿಕೆಟ್ ಬಂತು. ಕಂಡಕ್ಟರು ಇನ್ನೊಮ್ಮೆ ಗುಂಡಿ ಒತ್ತಿದ. ಹೆಣ್ಣುಮಕ್ಕಳಿಗೆ ಕೊಡುವ, ಸೊನ್ನೆ ದರದ ಇನ್ನೊಂದು ಟಿಕೆಟ್ ಬಂತು. ಎರಡನ್ನೂ ಸೇರಿಸಿ ಹರಿದು, “ಹುಡುಗಿ ಆಧಾರ್ ಐತಾ ಸಾ? ಚೆಕಿಂಗಿನೋರು ಬಂದ್ರೆ ನನ್ನ ತಲೆ ತಿಂತಾರೆ,” ಅಂದ.

ಯಾವ ಹುಡುಗಿ? ಎರಡೇ ಪದ. ನಾಲಗೆಯ ಮೇಲಿದ್ದವು. ಮಾರುತೇಶ ಕಂಡಕ್ಟರನ ಮುಖ ನೋಡಿದ. ತಮಾಷೆಯ ಮುಖವಾಗಿರಲಿಲ್ಲ, ಮನೆಗೆ ಹೋಗುವ ಹೊತ್ತನ್ನು ಎಣಿಸುತ್ತಿರುವ ಮುಖ. ಇಲ್ಲಿ ಯಾವ ಹುಡುಗಿಯೂ ಇಲ್ಲ ಎಂದು ಹೇಳಿದರೆ ಆಗಿಹೋಯಿತು. ಹಾಗೆ ಹೇಳಿದವನು ನಾಳೆ ಹತ್ತಕ್ಕೆ ನೋಟರಿಯ ಮುಂದೆ ಏನು ಹೇಳಬೇಕು? ತೊಡೆಯ ಮೇಲಿದ್ದ ಫೈಲು ಬಿಸಿಯಾಗಿತ್ತು, ಈಗ ತಾನೇ ಯಾರೋ ಹಿಡಿದುಕೊಂಡಿದ್ದು ಬಿಟ್ಟಂತೆ. ಅವನು ಅದನ್ನು ತೆರೆದ. ವಕೀಲರ ದಾಖಲೆಗಳ ನಡುವೆ, ಏಳನೆಯ ಹಾಳೆಯಾಗಿ, ಅವಳ ಆಧಾರಿನ ಜೆರಾಕ್ಸ್ ಇತ್ತು. ಅದನ್ನು ತೆಗೆದು ತೋರಿಸಿದ.

ಕಂಡಕ್ಟರು ಫೋಟೋ ನೋಡಿದ. ಬಗ್ಗಿ, ಮಾರುತೇಶನ ಭುಜದಾಚೆ, ಕಿಟಕಿಯ ಕಡೆ ನೋಡಿದ. ಮತ್ತೆ ಫೋಟೋ ನೋಡಿದ.

“ಇದ್ರಾಗೆ ದುಂಡುದುಂಡಗವಳೆ. ಈಗ ಇಳಿದೋಗವಳಲ್ಲ ಸಾ. ಹುಷಾರಿಲ್ವಾ?”

“ಜ್ವರ,” ಅಂದ ಮಾರುತೇಶ. ತನ್ನ ದನಿ ಎಷ್ಟು ಸಹಜವಾಗಿತ್ತೆಂದರೆ ಅವನಿಗೇ ಅದು ಸಮಾಧಾನ ಕೊಟ್ಟಿತು.

“ಎಲ್ಲಿಗೆ ಕರಕಂಡು ಹೊಂಟೀರಿ, ಆಸ್ಪತ್ರೆಗಾ?”

“ಇಲ್ಲ, ಮನೆಗೆ.”

ಕಂಡಕ್ಟರು ತಲೆಯಾಡಿಸಿ ಮುಂದಿನ ಸೀಟಿಗೆ ಹೋದ. ಬಸ್ಸು ತಿರುವಿನಲ್ಲಿ ಒಂದು ಕಡೆಗೆ ವಾಲಿತು. ಮಾರುತೇಶ ಎರಡೂ ಟಿಕೆಟುಗಳನ್ನು ಮಡಚಿ ಜೇಬಿಗೆ ಹಾಕಿಕೊಂಡು, ಕಿಟಕಿಯ ಕಡೆ ನೋಡದೆ, ಸೀಟಿನ ಅಂಚಿಗೆ ಇನ್ನೊಂದು ಗೇಣು ಸರಿದು ಕೂತ.